ಗೋಧಿ ಬಿಟ್ಟ ಮೇಲೆ ಆರಾಮವಾಗಿದೆ. ಮತ್ತೆ ತಿಂದು ಸೀಲಿಯಾಕ್ ಪರೀಕ್ಷೆ ಮಾಡಿಸಬೇಕೇ?

ಪ್ರಶ್ನೆ: ನನಗೆ 34 ವರ್ಷ. ಬಹಳ ಕಾಲದಿಂದ ರಕ್ತಹೀನತೆಯಿದೆ. ಕಬ್ಬಿಣಾಂಶದ ಮಾತ್ರೆ ನುಂಗುವಷ್ಟು ದಿನ ಹಿಮೋಗ್ಲೋಬಿನ್ ಸ್ವಲ್ಪ ಏರುತ್ತದೆ, ನಿಲ್ಲಿಸಿದರೆ ಮತ್ತೆ ಇಳಿಯುತ್ತದೆ. ಜೊತೆಗೆ ಹೊಟ್ಟೆಯುಬ್ಬರ, ಸುಸ್ತು. ಕಳೆದ ವರ್ಷ ನನ್ನ ಅಕ್ಕನಿಗೆ ಸೀಲಿಯಾಕ್ ಕಾಯಿಲೆ ಇರುವುದು ಪತ್ತೆಯಾಯಿತು. ಅವಳನ್ನು ನೋಡಿ ನಾನೂ ನಾಲ್ಕು ತಿಂಗಳ ಹಿಂದೆ ಗೋಧಿ ಬಿಟ್ಟೆ. ಉಬ್ಬರ ಬಹುಮಟ್ಟಿಗೆ ಹೋಗಿದೆ. ಈಚೆಗೆ ರಕ್ತಪರೀಕ್ಷೆ ಮಾಡಿಸಿದಾಗ ‘ನೆಗೆಟಿವ್’ ಎಂದು ಬಂತು. ಆದರೂ ವೈದ್ಯರು ಕೆಲವು ವಾರ ಮತ್ತೆ ಗೋಧಿ ತಿಂದು ಪರೀಕ್ಷೆ ಮಾಡಿಸಿಕೊಳ್ಳಿ ಎನ್ನುತ್ತಿದ್ದಾರೆ. ಆರಾಮವಾಗಿರುವಾಗ ಇದೆಲ್ಲ ಬೇಕೇ? ಈ ಕಾಯಿಲೆ ನಿಜಕ್ಕೂ ಅಷ್ಟು ಸಾಮಾನ್ಯವೇ? ಇದೆಯೆಂದಾದರೆ ದಿನನಿತ್ಯದ ಬದುಕು ಎಷ್ಟು ಕಷ್ಟ? ಏಳು ವರ್ಷದ ಮಗನಿಗೂ ಪರೀಕ್ಷೆ ಮಾಡಿಸಬೇಕೇ?

ಉತ್ತರ: ನಿಮ್ಮ ವೈದ್ಯರ ಸಲಹೆ ಸರಿಯಾಗಿದೆ. ನಾಲ್ಕು ತಿಂಗಳು ಗೋಧಿ ಬಿಟ್ಟ ಮೇಲೆ ಬಂದ ‘ನೆಗೆಟಿವ್’ ವರದಿಯಿಂದ ಕಾಯಿಲೆ ಇದೆಯೆಂದೂ ಹೇಳಲಾಗದು, ಇಲ್ಲವೆಂದೂ ಹೇಳಲಾಗದು. ನಿಮ್ಮ ಅಕ್ಕನಿಗೆ ಕಾಯಿಲೆಯಿದೆ, ನಿಮಗೆ ಮಾತ್ರೆಗೆ ಬಗ್ಗದ ರಕ್ತಹೀನತೆಯಿದೆ. ಇವೆರಡನ್ನು ಒಟ್ಟಿಗೆ ನೋಡಿದ ಯಾವ ವೈದ್ಯರೂ ವಿಷಯವನ್ನು ಅನುಮಾನದಲ್ಲೇ ಬಿಡಲಾರರು. ಪರೀಕ್ಷೆಗಾಗಿ ಕೆಲವು ವಾರ ಉಬ್ಬರ ಸಹಿಸಿಕೊಳ್ಳುವುದು ದಂಡವೆಂದು ನಿಮಗೆ ಈಗ ಅನ್ನಿಸಬಹುದು. ಆದರೆ ಈ ಕಾಯಿಲೆಗೆ ಇರುವ ಒಂದೇ ಚಿಕಿತ್ಸೆ ಜೀವಮಾನವಿಡೀ ನಡೆಸಬೇಕಾದ, ಒಂದು ಚೂರಿಗೂ ರಿಯಾಯಿತಿ ಇಲ್ಲದ ಪಥ್ಯ. ಅಂಥ ಪಥ್ಯವನ್ನು ‘ಇರಬಹುದು’ ಎಂಬ ಊಹೆಯ ಮೇಲೆ ಹತ್ತಾರು ವರ್ಷ ನಡೆಸುವುದು ಯಾರಿಂದಲೂ ಕಷ್ಟ.

ಮೊದಲು ಕಾಯಿಲೆಯ ಸ್ವರೂಪವನ್ನು ಹೇಳುತ್ತೇನೆ, ಏಕೆಂದರೆ ಪರೀಕ್ಷೆಯ ತರ್ಕವೆಲ್ಲ ಅದರಿಂದಲೇ ಹುಟ್ಟುತ್ತದೆ. ಗ್ಲುಟೆನ್ ಎಂಬುದು ಗೋಧಿಯಲ್ಲಿರುವ ಪ್ರೋಟೀನುಗಳ ಒಂದು ಗುಂಪು. ಬಾರ್ಲಿ ಮತ್ತು ರೈ ಧಾನ್ಯಗಳಲ್ಲೂ ಅದೇ ಕುಲದ ಪ್ರೋಟೀನುಗಳಿವೆ. ಪ್ರೋಲಿನ್ ಮತ್ತು ಗ್ಲುಟಮಿನ್ ಎಂಬ ಅಮೈನೋ ಆಮ್ಲಗಳು ಇವುಗಳಲ್ಲಿ ಹೇರಳವಾಗಿರುವುದರಿಂದ ನಮ್ಮ ಜೀರ್ಣರಸಗಳು ಇವನ್ನು ಪೂರ್ತಿಯಾಗಿ ಒಡೆಯಲಾರವು. 33 ಅಮೈನೋ ಆಮ್ಲಗಳಷ್ಟು ಉದ್ದದ ತುಣುಕೂ ಒಡೆಯದೆ ಸಣ್ಣ ಕರುಳನ್ನು ತಲುಪುತ್ತದೆ. ಇಲ್ಲಿಯವರೆಗೆ ಎಲ್ಲರಲ್ಲೂ ನಡೆಯುವುದು ಒಂದೇ. ಸೀಲಿಯಾಕ್ ಇರುವವರಲ್ಲಿ ಕರುಳಿನ ಗೋಡೆಯಲ್ಲಿರುವ ಟಿಶ್ಯೂ ಟ್ರಾನ್ಸ್‌ಗ್ಲುಟಮಿನೇಸ್ ಎಂಬ ಕಿಣ್ವವು ಈ ತುಣುಕುಗಳ ರಾಸಾಯನಿಕ ರೂಪವನ್ನು ಕೊಂಚ ಬದಲಿಸುತ್ತದೆ; ಬದಲಾದ ತುಣುಕುಗಳು ಡಿಕ್ಯೂ2 ಅಥವಾ ಡಿಕ್ಯೂ8 ಎಂಬ ಅಣುಗಳಿಗೆ ಬಿಗಿಯಾಗಿ ಅಂಟಿಕೊಳ್ಳುತ್ತವೆ; ಅದನ್ನು ಕಂಡ ರೋಗನಿರೋಧಕ ಕೋಶಗಳು ಶತ್ರು ಬಂದಿತೆಂದು ದಾಳಿಗಿಳಿಯುತ್ತವೆ. ಆ ದಾಳಿಯಲ್ಲಿ ಗ್ಲುಟೆನ್ನಿನ ವಿರುದ್ಧ ಮಾತ್ರವಲ್ಲದೆ ದೇಹದ್ದೇ ಆದ ಆ ಕಿಣ್ವದ ವಿರುದ್ಧವೂ ಪ್ರತಿಕಾಯಗಳು (ಆಂಟಿಬಾಡಿ) ಹುಟ್ಟುತ್ತವೆ. ಇದೇ ಕಾರಣಕ್ಕೆ ಸೀಲಿಯಾಕ್ ಅನ್ನು ಅಲರ್ಜಿಯೆನ್ನದೆ ಆಟೋಇಮ್ಯೂನ್ ಕಾಯಿಲೆಯೆಂದು ಕರೆಯುತ್ತಾರೆ. 1997ರಲ್ಲಿ ಜರ್ಮನಿಯ ಸಂಶೋಧಕರು ಈ ಕಿಣ್ವವೇ ಪ್ರತಿಕಾಯಗಳ ಗುರಿಯೆಂದು ಗುರುತಿಸಿದ ಮೇಲೆ ರೋಗಪತ್ತೆಯ ದಾರಿಯೇ ಬದಲಾಯಿತು.

ಪೆಟ್ಟು ಬೀಳುವುದು ಸಣ್ಣ ಕರುಳಿನ ಒಳಪದರದ ಮೇಲೆ. ಆರೋಗ್ಯವಂತ ಕರುಳಿನ ಒಳಮೈಯಲ್ಲಿ ‘ವಿಲ್ಲೈ’ ಎಂಬ, ಬೆರಳಿನಾಕಾರದ, ಅತಿ ಸಣ್ಣ ಚಾಚುಗಳು ಒತ್ತೊತ್ತಾಗಿ ನಿಂತಿರುತ್ತವೆ. ಅವು ಹೀರಿಕೊಳ್ಳುವ ಮೇಲ್ಮೈಯನ್ನು ಹಲವು ಪಟ್ಟು ಹಿಗ್ಗಿಸುತ್ತವೆ. ಕಾಯಿಲೆ ಬಲಿತಾಗ ಈ ಚಾಚುಗಳು ಕುಗ್ಗಿ, ಕೊನೆಗೆ ಒಳಮೈ ಬಹುತೇಕ ಸಮತಟ್ಟಾಗುತ್ತದೆ. ಹೆಚ್ಚಿನ ಹಾನಿ ಜಠರದಿಂದಾಚೆಗಿನ ಮೊದಲ ಭಾಗವಾದ ಡ್ಯುವೋಡಿನಮ್‌ನಲ್ಲಾಗುತ್ತದೆ, ಕಬ್ಬಿಣಾಂಶ ಹೀರಲ್ಪಡುವುದೂ ಮುಖ್ಯವಾಗಿ ಅಲ್ಲಿಯೇ. ನಿಮಗೆ ಸೀಲಿಯಾಕ್ ಇದ್ದದ್ದೇ ಆದರೆ, ವರ್ಷಗಟ್ಟಲೆ ಮಾತ್ರೆ ನುಂಗಿಯೂ ಹಿಮೋಗ್ಲೋಬಿನ್ ನಿಲ್ಲದಿರುವುದಕ್ಕೆ ಇಷ್ಟೇ ಕಾರಣ: ಮಾತ್ರೆಯಲ್ಲಿ ಕಬ್ಬಿಣ ಸಾಕಷ್ಟಿದೆ, ಅದನ್ನು ಒಳಗೆ ತೆಗೆದುಕೊಳ್ಳುವ ಜಾಗವೇ ಹಾಳಾಗಿದೆ.

ಈಗ ನಿಮ್ಮ ‘ಅಷ್ಟು ಸಾಮಾನ್ಯವೇ’ ಎಂಬ ಪ್ರಶ್ನೆ. ಜಗತ್ತಿನ ಹಲವು ದೇಶಗಳ ಸಮೀಕ್ಷೆಗಳನ್ನು ಒಟ್ಟುಗೂಡಿಸಿ 2018ರಲ್ಲಿ ಪ್ರಕಟವಾದ ವಿಶ್ಲೇಷಣೆಯೊಂದರ ಪ್ರಕಾರ, ರಕ್ತದಲ್ಲಿ ಸೀಲಿಯಾಕ್ ಪ್ರತಿಕಾಯ ಕಂಡುಬಂದವರು ಜನಸಂಖ್ಯೆಯ ಶೇ 1.4ರಷ್ಟು, ಬಯಾಪ್ಸಿಯಿಂದ, ಎಂದರೆ ಕರುಳಿನ ಚೂರು ತೆಗೆದು ಪರೀಕ್ಷಿಸುವುದರಿಂದ, ಖಚಿತಪಟ್ಟವರು ಶೇ 0.7ರಷ್ಟು. ಅಂದರೆ ನೂರರಿಂದ ನೂರೈವತ್ತು ಜನರಲ್ಲಿ ಒಬ್ಬರು ಎಂದು ಸ್ಥೂಲವಾಗಿ ತಿಳಿಯಬಹುದು. ಗಂಡಸರಿಗಿಂತ ಹೆಂಗಸರಲ್ಲಿ ಹೆಚ್ಚು. ಇದು ಅಪರೂಪದ ಕಾಯಿಲೆಯಲ್ಲ; ಅಪರೂಪವಾಗಿ ಪತ್ತೆಯಾಗುವ ಕಾಯಿಲೆ. ಅಮೆರಿಕದಲ್ಲಿ 2009–10ರ ರಾಷ್ಟ್ರೀಯ ಆರೋಗ್ಯ ಸಮೀಕ್ಷೆಯಲ್ಲಿ ಸೀಲಿಯಾಕ್ ಇದೆಯೆಂದು ಕಂಡುಬಂದ 35 ಮಂದಿಯ ಪೈಕಿ 29 ಮಂದಿಗೆ ತಮಗೆ ಅದಿರುವ ಸುಳಿವೇ ಇರಲಿಲ್ಲ. ನೀರಿನ ಮೇಲೆ ತುದಿ ಮಾತ್ರ ಕಾಣುವ ಮಂಜುಗಡ್ಡೆಯ ಹೋಲಿಕೆಯನ್ನು ಈ ಕ್ಷೇತ್ರದವರು ದಶಕಗಳಿಂದ ಬಳಸುತ್ತ ಬಂದಿರುವುದು ಸುಮ್ಮನೆ ಅಲ್ಲ.

ನೂರಕ್ಕೆ ಒಬ್ಬರೆಂಬ ಸರಾಸರಿಯ ಹಿಂದೆ ದೊಡ್ಡ ಏರಿಳಿತಗಳಿವೆ, ಮತ್ತು ಆ ಏರಿಳಿತಗಳೇ ಕಾಯಿಲೆಯ ಬಗ್ಗೆ ಹೆಚ್ಚು ಹೇಳುತ್ತವೆ. ಪಶ್ಚಿಮ ಸಹಾರಾದ ಸಹ್ರಾವಿ ಮಕ್ಕಳಲ್ಲಿ 1999ರಲ್ಲಿ ಶೇ 5.6ರಷ್ಟು ಮಕ್ಕಳಿಗೆ ಸೀಲಿಯಾಕ್ ಇರುವುದು ವರದಿಯಾಯಿತು. ಭಾರತದಲ್ಲಿ ನಡೆದು 2016ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಉತ್ತರದಲ್ಲಿ ಶೇ 1.23, ದಕ್ಷಿಣದಲ್ಲಿ ಶೇ 0.10 ಎಂದು ಕಂಡಿತು. ಮೇಲೆ ಹೇಳಿದ ಅಣುಗಳನ್ನು ರೂಪಿಸುವ ಡಿಕ್ಯೂ2, ಡಿಕ್ಯೂ8 ಜೀನುಗಳು ಎರಡೂ ಕಡೆ ಹೆಚ್ಚುಕಡಿಮೆ ಒಂದೇ ಪ್ರಮಾಣದಲ್ಲಿದ್ದವು, ಆದರೆ ತಿನ್ನುವ ಗೋಧಿಯ ಪ್ರಮಾಣದಲ್ಲಿ ಅಜಗಜಾಂತರವಿತ್ತು. ಹಾಗಾದರೆ ಜೀನು ಮತ್ತು ಗೋಧಿ ಸೇರಿದರೆ ಲೆಕ್ಕ ಮುಗಿಯಿತೇ ಎಂದರೆ ಅದೂ ಇಲ್ಲ. ಫಿನ್ಲೆಂಡ್ ಮತ್ತು ಅದರ ಗಡಿಗೆ ತಾಗಿರುವ ರಷ್ಯಾದ ಕರೇಲಿಯಾದ ಶಾಲಾ ಮಕ್ಕಳನ್ನು ಹೋಲಿಸಿದಾಗ, ಗೋಧಿಯೂ ಜೀನೂ ಹೆಚ್ಚುಕಡಿಮೆ ಸಮವಾಗಿದ್ದರೂ, ಫಿನ್ಲೆಂಡಿನಲ್ಲಿ 107ಕ್ಕೆ ಒಬ್ಬರು, ಕರೇಲಿಯಾದಲ್ಲಿ 496ಕ್ಕೆ ಒಬ್ಬರು ಎಂಬ ಅಂತರ ಕಂಡಿತು. ಬಾಲ್ಯದ ಸೋಂಕುಗಳು, ಕರುಳಿನ ಸೂಕ್ಷ್ಮಾಣುಗಳು, ಬದುಕಿನ ಪರಿಸರ ಇವೆಲ್ಲವೂ ಕೈಯಾಡಿಸುತ್ತವೆ ಎಂಬ ಅನುಮಾನ ಇಂಥ ಅಂಕಿಗಳಿಂದಲೇ ಗಟ್ಟಿಯಾದದ್ದು. ಪರೀಕ್ಷೆ ಹೆಚ್ಚಾದುದರಿಂದಷ್ಟೇ ಕಾಯಿಲೆ ಹೆಚ್ಚಾದಂತೆ ತೋರುತ್ತಿದೆ ಎಂಬ ವಾದವೂ ಪೂರ್ತಿ ನಿಲ್ಲುವುದಿಲ್ಲ. ಅಮೆರಿಕದ ವಾಯುಪಡೆಯ ಸಿಬ್ಬಂದಿಯಿಂದ 1948–54ರಲ್ಲಿ ಸಂಗ್ರಹಿಸಿಟ್ಟಿದ್ದ ರಕ್ತವನ್ನು ಇಂದಿನ ವಿಧಾನದಿಂದ ಪರೀಕ್ಷಿಸಿದಾಗ, ಈ ಕಾಲದವರಲ್ಲಿ, ಪತ್ತೆಯಾಗದೆ ಉಳಿದಿರುವ ಸೀಲಿಯಾಕ್ ಆಗಿನದಕ್ಕಿಂತ ನಾಲ್ಕು ಪಟ್ಟಿಗೂ ಹೆಚ್ಚಿರುವುದು ಕಂಡಿತು. ಫಿನ್ಲೆಂಡಿನಲ್ಲಿ ಎರಡು ದಶಕಗಳ ಅಂತರದಲ್ಲಿ ಶೇ 1.05ರಿಂದ ಶೇ 1.99ಕ್ಕೆ ಏರಿದೆ. ಅಷ್ಟು ಬೇಗ ಜೀನುಗಳು ಬದಲಾಗುವುದಿಲ್ಲ.

ನಿಮಗೆ ನೇರವಾಗಿ ಸಂಬಂಧಿಸಿದ ಅಂಕಿ ಬೇರೆ. ತಂದೆ, ತಾಯಿ, ಒಡಹುಟ್ಟಿದವರು, ಮಕ್ಕಳು ಇವರಲ್ಲಿ ಒಬ್ಬರಿಗೆ ಸೀಲಿಯಾಕ್ ಇದ್ದರೆ ಉಳಿದವರಲ್ಲಿ ಅದು ಕಾಣಿಸಿಕೊಳ್ಳುವ ಪ್ರಮಾಣ ಸರಾಸರಿ ಶೇ 7.5ರ ಆಸುಪಾಸಿನಲ್ಲಿದೆ, ಒಡಹುಟ್ಟಿದವರಲ್ಲಿ ಇನ್ನೂ ತುಸು ಹೆಚ್ಚು. ಕಬ್ಬಿಣಾಂಶದ ಕೊರತೆಯಿಂದಾದ ರಕ್ತಹೀನತೆ ಇರುವವರಲ್ಲಿ ಸುಮಾರು 30ಕ್ಕೆ ಒಬ್ಬರಿಗೆ ಬಯಾಪ್ಸಿಯಲ್ಲಿ ಸೀಲಿಯಾಕ್ ಸಿಗುತ್ತದೆ. ಈ ಎರಡು ಸಂಗತಿಗಳೂ ನಿಮ್ಮಲ್ಲಿ ಕೂಡಿ ಬಂದಿವೆ.

ಇದು ತಡವಾಗಿ ಪತ್ತೆಯಾಗುವುದಕ್ಕೆ ಮುಖ್ಯ ಕಾರಣ ಅದರ ಹಳೆಯ ಚಿತ್ರ. ಬಡಕಲು ಮಗು, ಉಬ್ಬಿದ ಹೊಟ್ಟೆ, ನಿಲ್ಲದ ಭೇದಿ ಎಂದು 1888ರಲ್ಲಿ ಲಂಡನ್ನಿನ ವೈದ್ಯ ಸ್ಯಾಮುಯೆಲ್ ಗೀ ಬರೆದಿಟ್ಟ ವರ್ಣನೆಯೇ ವೈದ್ಯರ ಮನಸ್ಸಿನಲ್ಲಿ ನೂರು ವರ್ಷ ನಿಂತಿತು. ಗುಣವಾಗುವುದಿದ್ದರೆ ಅದು ಆಹಾರದಿಂದಲೇ ಎಂದು ಅವರು ಊಹಿಸಿದ್ದರು, ಆದರೆ ಯಾವ ಆಹಾರವೆಂದು ತಿಳಿದಿರಲಿಲ್ಲ. ಅದನ್ನು ಗೋಧಿಗೆ ಗಂಟುಹಾಕಿದವರು ನೆದರ್ಲೆಂಡ್ಸಿನ ಮಕ್ಕಳ ವೈದ್ಯ ವಿಲೆಮ್ ಡಿಕೆ. 1930ರ ದಶಕದಲ್ಲೇ ಅವರಿಗೆ ಗೋಧಿಯ ಮೇಲೆ ಅನುಮಾನವಿತ್ತು. 1944–45ರ ಬರಗಾಲದ ಚಳಿಗಾಲದಲ್ಲಿ ಊರಿಗೆ ಊರೇ ಹಸಿದಿದ್ದಾಗ ತಮ್ಮ ಸೀಲಿಯಾಕ್ ಮಕ್ಕಳು ಚೇತರಿಸಿಕೊಂಡು, ಬ್ರೆಡ್ಡು ಮತ್ತೆ ಸಿಗತೊಡಗಿದೊಡನೆ ಹಾಸಿಗೆ ಹಿಡಿದದ್ದು ಆ ಅನುಮಾನವನ್ನು ಬಲಪಡಿಸಿತು. ಇಂದು ನಾವು ನೋಡುವ ರೋಗಿಗಳಲ್ಲಿ ಬಹಳಷ್ಟು ಮಂದಿ ಗೀ ಕಂಡ ಮಗುವಿನಂತಿಲ್ಲ. ಕಾರಣ ತಿಳಿಯದ ರಕ್ತಹೀನತೆ, ವಯಸ್ಸಿಗೆ ಮೊದಲೇ ಮೂಳೆ ಸವೆತ, ಪದೇ ಪದೇ ಬರುವ ಬಾಯಿಹುಣ್ಣು, ಲಿವರ್ ಪರೀಕ್ಷೆಯಲ್ಲಿ ಸ್ವಲ್ಪ ಏರಿದ ಕಿಣ್ವಗಳು, ಗರ್ಭ ನಿಲ್ಲದಿರುವುದು, ಮೊಣಕೈ ಮೊಣಕಾಲುಗಳ ಮೇಲೆ ವಿಪರೀತ ತುರಿಸುವ ಗುಳ್ಳೆಗಳು, ಮಕ್ಕಳಲ್ಲಿ ಕುಂಠಿತ ಎತ್ತರ ಅಥವಾ ಹಲ್ಲಿನ ಹೊರಪದರದ ದೋಷ ಹೀಗೆ ಅದು ಬೇರೆ ಬೇರೆ ತಜ್ಞರ ಬಾಗಿಲಲ್ಲಿ ಬೇರೆ ಬೇರೆ ವೇಷದಲ್ಲಿ ಕಾಣಿಸಿಕೊಳ್ಳುತ್ತದೆ. ಭೇದಿಯ ಬದಲು ಮಲಬದ್ಧತೆ ಇರಬಹುದು. ರೋಗಿ ತೆಳ್ಳಗಿರಲೇಬೇಕೆಂದೂ ಇಲ್ಲ, ದಪ್ಪಗಿರುವವರಲ್ಲೂ ಸಿಗುತ್ತದೆ. ಟೈಪ್ 1 ಮಧುಮೇಹ, ಆಟೋಇಮ್ಯೂನ್ ಥೈರಾಯ್ಡ್ ಕಾಯಿಲೆ, ಡೌನ್ ಸಿಂಡ್ರೋಮ್, ಟರ್ನರ್ ಸಿಂಡ್ರೋಮ್ ಇರುವವರಲ್ಲಿ ಇದರ ಸಾಧ್ಯತೆ ಹೆಚ್ಚು.

ಪತ್ತೆಗೆ ಮೊದಲ ಮೆಟ್ಟಿಲು ಟಿಟಿಜಿ-ಐಜಿಎ ಎಂಬ ರಕ್ತಪರೀಕ್ಷೆ. ಮೇಲೆ ಹೇಳಿದ ಕಿಣ್ವದ ವಿರುದ್ಧ ಹುಟ್ಟಿದ ಐಜಿಎ ವರ್ಗದ ಪ್ರತಿಕಾಯವನ್ನು ಇದು ಅಳೆಯುತ್ತದೆ. ಒಳ್ಳೆಯ ಪರೀಕ್ಷೆ, ಗ್ಲುಟೆನ್ ತಿನ್ನುತ್ತಿರುವ ಸೀಲಿಯಾಕ್ ರೋಗಿಗಳಲ್ಲಿ ಹತ್ತರಲ್ಲಿ ಒಂಬತ್ತು ಮಂದಿಗೂ ಹೆಚ್ಚು ಜನರನ್ನು ಹಿಡಿಯುತ್ತದೆ. ಆದರೆ ಅದರ ಜೊತೆಗೆ ಒಟ್ಟು ಐಜಿಎ ಪ್ರಮಾಣವನ್ನೂ ಅಳೆಯಬೇಕು, ಮತ್ತು ಈ ಅರ್ಧವನ್ನು ಹಲವರು ಮರೆಯುತ್ತಾರೆ. ಸೀಲಿಯಾಕ್ ರೋಗಿಗಳಲ್ಲಿ ಶೇ 2ರಿಂದ 3ರಷ್ಟು ಜನರಿಗೆ ಹುಟ್ಟಿನಿಂದಲೇ ಐಜಿಎ ಕೊರತೆಯಿರುತ್ತದೆ. ಐಜಿಎಯೇ ಇಲ್ಲದವರಲ್ಲಿ ಐಜಿಎ ಪ್ರತಿಕಾಯವನ್ನು ಹುಡುಕಿದರೆ ‘ನೆಗೆಟಿವ್’ ಬರುವುದು ಸಹಜ. ಅಂಥವರಿಗೆ ಐಜಿಜಿ ವರ್ಗದ ಪರೀಕ್ಷೆ ಬೇಕು. ನಿಮ್ಮ ವರದಿಯನ್ನು ಕೈಗೆತ್ತಿಕೊಂಡು ‘ಟೋಟಲ್ ಐಜಿಎ’ ಎಂಬ ಸಾಲು ಇದೆಯೇ ಎಂದು ನೋಡಿ. ಇಲ್ಲದಿದ್ದರೆ, ಗೋಧಿ ಬಿಟ್ಟ ವಿಷಯವನ್ನು ಬದಿಗಿಟ್ಟರೂ, ಆ ವರದಿ ಅಪೂರ್ಣ.

ಗೋಧಿ ಬಿಟ್ಟದ್ದಂತೂ ಬದಿಗಿಡುವ ವಿಷಯವಲ್ಲ. ಪ್ರತಿಕಾಯ ಹುಟ್ಟುವುದೇ ಗ್ಲುಟೆನ್ನಿನ ಪ್ರಚೋದನೆಯಿಂದ. ಪ್ರಚೋದನೆ ನಿಂತರೆ ಅದರ ಮಟ್ಟ ತಿಂಗಳಿಂದ ತಿಂಗಳಿಗೆ ಇಳಿಯುತ್ತದೆ. ಆರಂಭದಲ್ಲಿ ಮಟ್ಟ ಹೆಚ್ಚಿರದಿದ್ದರೆ ಕೆಲವೇ ತಿಂಗಳಲ್ಲಿ ಸಾಮಾನ್ಯಕ್ಕೆ ಬಂದುಬಿಡುತ್ತದೆ. ಕರುಳಿನ ಒಳಪದರವೂ ನಿಧಾನವಾಗಿ ದುರಸ್ತಿಯಾಗುತ್ತ ಹೋಗುವುದರಿಂದ ಈಗ ಬಯಾಪ್ಸಿ ಮಾಡಿದರೂ ಗೊಂದಲದ ಉತ್ತರ ಬರಬಹುದು. ಆಹಾರ ಬದಲಿಸುವ ಮೊದಲು ಪರೀಕ್ಷೆ ಎಂಬ ಸರಳ ನಿಯಮವನ್ನು ಯಾರೂ ನಿಮಗೆ ಮುಂಚಿತವಾಗಿ ಹೇಳಿರಲಿಲ್ಲ. ಅಕ್ಕನ ಕಾಯಿಲೆ ಪತ್ತೆಯಾದ ದಿನವೇ ಮನೆಯವರಿಗೆಲ್ಲ ಅದನ್ನು ಹೇಳಬೇಕಿತ್ತು.

ಈಗ ನಿಮ್ಮ ಮುಂದಿರುವ ದಾರಿ ಹೀಗಿದೆ. ನೇರವಾಗಿ ಗೋಧಿಗೆ ಮರಳುವ ಮುನ್ನ ಒಂದು ಜೀನ್ ಪರೀಕ್ಷೆ ಮಾಡಿಸಲು ಸಾಧ್ಯವೇ ಎಂದು ವೈದ್ಯರನ್ನು ಕೇಳಿ. ಎಚ್‌ಎಲ್‌ಎ ಡಿಕ್ಯೂ2/ಡಿಕ್ಯೂ8 ಪರೀಕ್ಷೆಯ ಮೇಲೆ ನೀವು ಏನು ತಿನ್ನುತ್ತೀರಿ ಎಂಬುದರ ಪ್ರಭಾವವಿಲ್ಲ. ಎರಡೂ ಇಲ್ಲವೆಂದು ಬಂದರೆ ಸೀಲಿಯಾಕ್ ಇರುವ ಸಾಧ್ಯತೆ ಶೇ 1ಕ್ಕಿಂತ ಕಡಿಮೆ. ಆಗ ಗೋಧಿ ತಿಂದು ಕಷ್ಟಪಡುವ ಅಗತ್ಯವೇ ಬೀಳದು, ರಕ್ತಹೀನತೆಗೆ ಬೇರೆ ಕಾರಣ ಹುಡುಕಬೇಕಾಗುತ್ತದೆ. ಇದೆಯೆಂದು ಬಂದರೆ ಮಾತ್ರ ಗಾಬರಿಯಾಗಬೇಡಿ: ಹಲವು ದೇಶಗಳಲ್ಲಿ ಜನಸಂಖ್ಯೆಯ ಶೇ 30ರಿಂದ 40ರಷ್ಟು ಮಂದಿಯಲ್ಲಿ ಈ ಜೀನುಗಳಿವೆ, ಅವರಲ್ಲಿ ಕಾಯಿಲೆ ಬರುವುದು ಶೇ 3ರ ಆಸುಪಾಸಿನವರಿಗೆ. ಈ ಪರೀಕ್ಷೆ ಕಾಯಿಲೆ ಇಲ್ಲವೆಂದು ಹೇಳಬಲ್ಲದು, ಇದೆಯೆಂದು ಹೇಳಲಾರದು.

ಜೀನು ಇದ್ದರೆ ಮುಂದಿನದು ಗ್ಲುಟೆನ್ ಚಾಲೆಂಜ್ ಎಂದು ಕರೆಯುವ ಹಂತ. ದಿನಕ್ಕೆ 3 ಗ್ರಾಂ ಗ್ಲುಟೆನ್ನನ್ನು ಎರಡು ವಾರ ತಿಂದರೂ ಹಲವರಲ್ಲಿ ಕರುಳಿನ ಬದಲಾವಣೆ ಕಾಣಿಸುತ್ತದೆ. ತಡೆದುಕೊಳ್ಳಬಲ್ಲವರು ಆರರಿಂದ ಎಂಟು ವಾರ ಮುಂದುವರಿಸಿದರೆ ಫಲಿತಾಂಶ ಹೆಚ್ಚು ನಂಬಿಕೆಗೆ ಯೋಗ್ಯ. ಸಾಮಾನ್ಯ ಗಾತ್ರದ ಒಂದು ಬ್ರೆಡ್ ಹೋಳಿನಲ್ಲಿ ಸುಮಾರು 2 ಗ್ರಾಂ ಗ್ಲುಟೆನ್ ಇರುತ್ತದೆ, ಆದ್ದರಿಂದ ದಿನಕ್ಕೆ ಎರಡು ಹೋಳು ಸಾಕು, ಹೊಟ್ಟೆ ಬಿರಿಯುವಂತೆ ತಿನ್ನಬೇಕಾಗಿಲ್ಲ. ಗರ್ಭಿಣಿಯಾಗಿದ್ದರೆ ಈ ಪ್ರಯೋಗವನ್ನು ಮುಂದೂಡಬೇಕು. ತಡೆಯಲಾರದ ವಾಂತಿ, ಭೇದಿ ಶುರುವಾದರೆ ಹಠ ಮಾಡದೆ ವೈದ್ಯರಿಗೆ ತಿಳಿಸಿ. ಅವಧಿಯನ್ನು ಮೊಟಕುಗೊಳಿಸಿ ಪರೀಕ್ಷೆಯನ್ನು ಬೇಗ ಮಾಡಬಹುದು.

ಆಮೇಲೆ ರಕ್ತಪರೀಕ್ಷೆ ಮತ್ತು ಎಂಡೋಸ್ಕೋಪಿ. ಬಾಯಿಯ ಮೂಲಕ ತೆಳುವಾದ ಕೊಳವೆಯನ್ನು ಡ್ಯುವೋಡಿನಮ್‌ವರೆಗೆ ಇಳಿಸಿ, ಎರಡು ಮೂರು ಮಿಲಿಮೀಟರ್ ಗಾತ್ರದ ಚೂರುಗಳನ್ನು ತೆಗೆಯುತ್ತಾರೆ. ನೋವಾಗುವುದಿಲ್ಲ, ಏಕೆಂದರೆ ಆ ಒಳಪದರಕ್ಕೆ ಚಿವುಟಿದ ಅರಿವಿಲ್ಲ. ಕನಿಷ್ಠ ನಾಲ್ಕು ಚೂರು ಡ್ಯುವೋಡಿನಮ್‌ನ ಎರಡನೆಯ ಭಾಗದಿಂದಲೂ ಒಂದೆರಡು ಅದರ ಆರಂಭದ ಉಬ್ಬಿನಿಂದಲೂ ಬೇಕು, ಏಕೆಂದರೆ ಹಾನಿ ಎಲ್ಲ ಕಡೆ ಒಂದೇ ಸಮನಾಗಿ ಇರುವುದಿಲ್ಲ. ಒಂದು ಜಾಗ ಚೆನ್ನಾಗಿದ್ದು ಬೆರಳಗಲದಾಚೆಗೆ ಹಾಳಾಗಿರಬಹುದು. ಸೂಕ್ಷ್ಮದರ್ಶಕದಡಿ ನೋಡುವವರು ಮೂರು ವಿಷಯ ಗಮನಿಸುತ್ತಾರೆ: ಹೊರಪದರದ ಕೋಶಗಳ ನಡುವೆ ನುಸುಳಿದ ಬಿಳಿರಕ್ತಕಣಗಳ ಸಂಖ್ಯೆ, ಚಾಚುಗಳ ಬುಡದಲ್ಲಿರುವ ಕುಳಿಗಳ ಆಳ, ಮತ್ತು ಚಾಚುಗಳ ಎತ್ತರ. ಆರೋಗ್ಯವಂತರಲ್ಲಿ ಚಾಚಿನ ಎತ್ತರ ಕುಳಿಯ ಆಳದ ಮೂರು ಪಟ್ಟು ಅಥವಾ ಅದಕ್ಕೂ ಹೆಚ್ಚು. ಕಾಯಿಲೆಯಲ್ಲಿ ಚಾಚು ಕುಗ್ಗಿ ಕುಳಿ ಆಳವಾಗುವುದರಿಂದ ಈ ಪ್ರಮಾಣ ತಲೆಕೆಳಗಾಗುತ್ತದೆ. ಹಾನಿಯನ್ನು ಮಾರ್ಷ್ ಎಂಬ ವೈದ್ಯರ ಹೆಸರಿನ ಶ್ರೇಣಿಯಲ್ಲಿ ಬರೆಯುತ್ತಾರೆ; ವರದಿಯಲ್ಲಿ ‘ಮಾರ್ಷ್ 3ಎ, 3ಬಿ, 3ಸಿ’ ಎಂದು ಕಂಡರೆ ಚಾಚುಗಳು ಕ್ರಮವಾಗಿ ಸ್ವಲ್ಪ, ಬಹಳಷ್ಟು, ಪೂರ್ತಿ ಸವೆದಿವೆ ಎಂದರ್ಥ. ಚೂರನ್ನು ಓರೆಯಾಗಿ ಕತ್ತರಿಸಿದರೆ ಚೆನ್ನಾಗಿರುವ ಚಾಚೂ ಗಿಡ್ಡವಾಗಿ ಕಾಣುತ್ತದೆ, ಹಾಗಾಗಿ ಅನುಭವಿ ಪೆಥಾಲಜಿಸ್ಟ್ ಇಲ್ಲಿ ಬಹಳ ಮುಖ್ಯ.

ಚಾಚು ಸವೆದ ಮಾತ್ರಕ್ಕೆ ಅದು ಸೀಲಿಯಾಕ್ ಎಂದೂ ಅಲ್ಲ. ಜಿಯಾರ್ಡಿಯಾ ಸೋಂಕು, ಟ್ರಾಪಿಕಲ್ ಸ್ಪ್ರೂ, ಕ್ರೋನ್ಸ್ ಕಾಯಿಲೆ, ರಕ್ತದೊತ್ತಡಕ್ಕೆ ಕೊಡುವ ಆಲ್ಮೆಸಾರ್ಟನ್ ಎಂಬ ಔಷಧ ಇವುಗಳಿಂದಲೂ ಇದೇ ಚಿತ್ರ ಬರಬಹುದು. ಆದ್ದರಿಂದ ರಕ್ತದ ಪ್ರತಿಕಾಯ, ಕರುಳಿನ ಚಿತ್ರ, ಪಥ್ಯಕ್ಕೆ ದೇಹ ಕೊಡುವ ಉತ್ತರ ಇವೆಲ್ಲ ಒಂದಕ್ಕೊಂದು ಹೊಂದಿದಾಗಲೇ ರೋಗನಿರ್ಣಯ ಪೂರ್ಣ. ಮಕ್ಕಳ ವಿಷಯದಲ್ಲಿ ಯುರೋಪಿನ ತಜ್ಞರ ಸಂಘವು 2012ರಲ್ಲಿ ಒಂದು ವಿನಾಯಿತಿ ಕೊಟ್ಟು 2020ರಲ್ಲಿ ಅದನ್ನು ಸರಳಗೊಳಿಸಿತು: ಟಿಟಿಜಿ-ಐಜಿಎ ಮಟ್ಟ ಸಾಮಾನ್ಯ ಮಿತಿಯ ಹತ್ತು ಪಟ್ಟು ಅಥವಾ ಅದಕ್ಕಿಂತ ಹೆಚ್ಚಿದ್ದು, ಇನ್ನೊಮ್ಮೆ ತೆಗೆದ ರಕ್ತದಲ್ಲಿ ಸೀಲಿಯಾಕ್‌ನ ಇನ್ನೊಂದು ಗುರುತಾದ ಎಂಡೋಮೈಸಿಯಲ್ ಪ್ರತಿಕಾಯವೂ ಕಂಡುಬಂದರೆ ಬಯಾಪ್ಸಿ ಇಲ್ಲದೆಯೇ ನಿರ್ಧರಿಸಬಹುದು. ದೊಡ್ಡವರಿಗೂ ಇದನ್ನು ಅನ್ವಯಿಸಬೇಕೇ ಎಂಬ ಚರ್ಚೆ ನಡೆದಿದೆ, ಕೆಲವೆಡೆ ಅನ್ವಯಿಸುತ್ತಲೂ ಇದ್ದಾರೆ. ನಿಮ್ಮಂತೆ ಒಮ್ಮೆ ಪಥ್ಯ ಮಾಡಿ ಗೊಂದಲವಾಗಿರುವವರಲ್ಲಿ ಬಯಾಪ್ಸಿಯೇ ಒಳ್ಳೆಯದೆಂಬುದು ನನ್ನ ಅಭಿಪ್ರಾಯ.

‘ಗೋಧಿ ಬಿಟ್ಟೊಡನೆ ಆರಾಮವಾಯಿತಲ್ಲ, ಅದೇ ಸಾಕ್ಷಿಯಲ್ಲವೇ’ ಎಂದು ನೀವು ಕೇಳಬಹುದು. ಅಲ್ಲ. ಗೋಧಿಯಲ್ಲಿ ಗ್ಲುಟೆನ್ ಜೊತೆಗೆ ಫ್ರಕ್ಟಾನ್ ಎಂಬ, ಕರುಳಿನಲ್ಲಿ ಹುದುಗಿ ಗಾಳಿಯೆಬ್ಬಿಸುವ ಶರ್ಕರವೂ ಇದೆ. ಸೀಲಿಯಾಕ್ ಇಲ್ಲದೆಯೂ ತಮಗೆ ಗ್ಲುಟೆನ್ ಆಗುವುದಿಲ್ಲ ಎಂದು ನಂಬಿದ್ದವರ ಮೇಲೆ ನಾರ್ವೆಯಲ್ಲಿ ನಡೆದು 2018ರಲ್ಲಿ ಪ್ರಕಟವಾದ ಪ್ರಯೋಗದಲ್ಲಿ, ಯಾರಿಗೆ ಯಾವುದು ಕೊಟ್ಟಿದೆಯೆಂದು ತಿಳಿಯದಂತೆ ಎರಡನ್ನೂ ಬೇರೆ ಬೇರೆಯಾಗಿ ತಿನ್ನಿಸಿದಾಗ, ಹೊಟ್ಟೆಯುಬ್ಬರ ಹೆಚ್ಚಿಸಿದ್ದು ಫ್ರಕ್ಟಾನ್, ಗ್ಲುಟೆನ್ನಲ್ಲ. ನಿಮ್ಮದೂ ಅಂಥದ್ದೇ ಆಗಿದ್ದರೆ ಗೋಧಿ ಕಡಿಮೆ ಮಾಡಿದರೆ ಸಾಕು, ಅಪ್ಪಿತಪ್ಪಿ ತಿಂದರೆ ಒಂದು ದಿನದ ಉಬ್ಬರವಷ್ಟೇ. ಸೀಲಿಯಾಕ್ ಆಗಿದ್ದರೆ ಹಾಗಲ್ಲ. ಲಕ್ಷಣವೇ ತೋರದಿದ್ದರೂ ಒಳಗೆ ಹಾನಿ ನಡೆಯುತ್ತದೆ. ‘ಫುಡ್ ಸೆನ್ಸಿಟಿವಿಟಿ’ ಎಂದು ಹೆಸರಿಟ್ಟು ನೂರಾರು ಆಹಾರಗಳಿಗೆ ಐಜಿಜಿ ಅಳೆದುಕೊಡುವ ದುಬಾರಿ ಪ್ಯಾಕೇಜುಗಳಿಂದ ಇದರಲ್ಲಿ ಯಾವುದೂ ತೀರ್ಮಾನವಾಗುವುದಿಲ್ಲ. ಅವುಗಳಿಗೆ ಹಣ ಸುರಿಯಬೇಡಿ.

ಇನ್ನು ದಿನನಿತ್ಯದ ಹೊರೆ. ಔಷಧವಿಲ್ಲದ ಕಾಯಿಲೆ, ಪಥ್ಯ ಮಾಡಿದರಾಯಿತು ಎಂದು ಹಗುರವಾಗಿ ಹೇಳುವವರು ಆ ಪಥ್ಯವನ್ನು ನಡೆಸಿ ನೋಡಿರುವುದಿಲ್ಲ. ಅಮೆರಿಕದಲ್ಲಿ 2014ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ ಬೇರೆ ಬೇರೆ ಕಾಯಿಲೆಯವರನ್ನು ‘ನಿಮ್ಮ ಚಿಕಿತ್ಸೆಯ ಹೊರೆ ಎಷ್ಟು’ ಎಂದು ಕೇಳಿದಾಗ, ಸೀಲಿಯಾಕ್ ರೋಗಿಗಳು ಕೊಟ್ಟ ಅಂಕ ರಕ್ತದೊತ್ತಡದವರದ್ದಕ್ಕಿಂತ ಬಹಳ ಹೆಚ್ಚಿದ್ದು, ಮೂತ್ರಪಿಂಡ ವೈಫಲ್ಯದ ಕೊನೆಯ ಹಂತದಲ್ಲಿರುವವರ ಸಮೀಪಕ್ಕೆ ಬಂದಿತ್ತು.

ಏಕೆಂಬುದು ಅಡುಗೆಮನೆಗೆ ಹೋದರೆ ತಿಳಿಯುತ್ತದೆ. ಇಟಲಿಯ ಸಂಶೋಧಕರು 2007ರಲ್ಲಿ ತೋರಿಸಿದಂತೆ, ದಿನಕ್ಕೆ 50 ಮಿಲಿಗ್ರಾಂ ಗ್ಲುಟೆನ್ ಮೂರು ತಿಂಗಳು ಹೊಟ್ಟೆಗೆ ಹೋದರೆ ಸಾಕು, ಕರುಳಿನ ಚಾಚುಗಳು ಮತ್ತೆ ಕುಗ್ಗತೊಡಗುತ್ತವೆ. ಒಂದು ಬ್ರೆಡ್ ಹೋಳಿನ ನಲವತ್ತನೆಯ ಒಂದು ಭಾಗವದು. ಮನೆಮಂದಿಯೆಲ್ಲ ಬಳಸುವ ಟೋಸ್ಟರಿನ ತಳದಲ್ಲಿ ಉಳಿದ ಪುಡಿ, ಬ್ರೆಡ್ಡಿಗೆ ಸವರಿ ಮತ್ತೆ ಬೆಣ್ಣೆಯ ಡಬ್ಬಿಗೆ ಅದ್ದಿದ ಚಾಕು, ಮರದ ಸೌಟಿನ ಬಿರುಕು, ಹಿಟ್ಟು ಜರಡಿಯಾಡಿದ ಕಟ್ಟೆ, ಗೋಧಿಹಿಟ್ಟಿನಲ್ಲಿ ಹೊರಳಿಸಿದ್ದನ್ನು ಕರಿದ ಅದೇ ಎಣ್ಣೆ ಇವೆಲ್ಲದರಲ್ಲೂ ಆ ಅಳತೆಯ ಗ್ಲುಟೆನ್ ಅಡಗಿರಬಲ್ಲದು. ಹಾಗಾಗಿ ಬೇರೆ ಟೋಸ್ಟರ್, ಬೇರೆ ಜರಡಿ, ಬೇರೆ ಬೆಣ್ಣೆಯ ಡಬ್ಬಿ. ಸ್ಟೀಲು ಗಾಜಿನ ಪಾತ್ರೆಗಳನ್ನು ಸೋಪಿನಿಂದ ಚೆನ್ನಾಗಿ ತೊಳೆದರೆ ಸಾಕು, ಅವುಗಳನ್ನೂ ಎರಡೆರಡು ಇಡಬೇಕಾಗಿಲ್ಲ. ಮೈಗೆ ಹಚ್ಚುವ ಕ್ರೀಮು, ಶಾಂಪೂಗಳ ಬಗ್ಗೆ ಹರಿದಾಡುವ ಭಯಕ್ಕೂ ಆಧಾರವಿಲ್ಲ. ಗ್ಲುಟೆನ್ ಹಾನಿ ಮಾಡುವುದು ಹೊಟ್ಟೆಗೆ ಹೋದಾಗ, ಚರ್ಮದ ಮೂಲಕವಲ್ಲ.

ಪೊಟ್ಟಣದ ಆಹಾರದಲ್ಲಿ ಓದುವುದೇ ಒಂದು ಕೆಲಸವಾಗುತ್ತದೆ. ‘ಗೋಧಿರಹಿತ’ ಎಂದರೆ ಗ್ಲುಟೆನ್‌ರಹಿತವೆಂದಲ್ಲ. ಬಾರ್ಲಿಯಿಂದ ಬಂದ ಮಾಲ್ಟ್ ಪಾನೀಯಗಳಲ್ಲೂ ಬೆಳಗಿನ ತಿಂಡಿಯ ಸೀರಿಯಲ್‌ಗಳಲ್ಲೂ ಅಡಗಿರುತ್ತದೆ, ಸೋಯಾ ಸಾಸಿನಲ್ಲಿ ಸಾಮಾನ್ಯವಾಗಿ ಗೋಧಿಯಿರುತ್ತದೆ, ಸೂಪು ಸಾಸುಗಳನ್ನು ಗಟ್ಟಿ ಮಾಡಲು ಹಿಟ್ಟು ಬೆರೆಸಿರುತ್ತಾರೆ. ಅಂತರರಾಷ್ಟ್ರೀಯ ಆಹಾರ ಮಾನದಂಡವಾದ ಕೋಡೆಕ್ಸ್ ಪ್ರಕಾರ ‘ಗ್ಲುಟೆನ್‌ರಹಿತ’ ಎಂದು ಬರೆಯಬೇಕಾದರೆ ಕಿಲೋಗ್ರಾಂಗೆ 20 ಮಿಲಿಗ್ರಾಂಗಿಂತ ಹೆಚ್ಚು ಗ್ಲುಟೆನ್ ಇರಕೂಡದು. ಹಲವು ದೇಶಗಳು ಇದನ್ನೇ ಕಾನೂನಾಗಿಸಿವೆ. ಸ್ವಭಾವತಃ ಗ್ಲುಟೆನ್ ಇಲ್ಲದ ಅಕ್ಕಿ, ಜೋಳ, ರಾಗಿ, ಬೇಳೆಕಾಳುಗಳೂ ಗೋಧಿ ಬೀಸಿದ ಗಿರಣಿಯಲ್ಲೇ ಹಿಟ್ಟಾಗಿದ್ದರೆ ಭರವಸೆ ಇಡಲಾಗದು. ಓಟ್ಸ್ ವಿಷಯ ಸ್ವಲ್ಪ ಬೇರೆ: ಶುದ್ಧವಾಗಿ ಬೆಳೆದು ಬೇರ್ಪಡಿಸಿದ ಓಟ್ಸ್ ಬಹುತೇಕರಿಗೆ ಒಗ್ಗುತ್ತದೆ, ಆದರೆ ಸಾಮಾನ್ಯವಾಗಿ ಅದರಲ್ಲಿ ಗೋಧಿ ಬಾರ್ಲಿ ಬೆರೆತಿರುತ್ತದೆ; ಮೊದಲ ಕೆಲವು ತಿಂಗಳು ಬಿಟ್ಟು, ಆಮೇಲೆ ಗಮನವಿಟ್ಟು ಸೇರಿಸುವುದು ಕ್ಷೇಮ.

ಅಡುಗೆಮನೆಯ ಶಿಸ್ತು ಕೆಲವು ತಿಂಗಳಲ್ಲಿ ಅಭ್ಯಾಸವಾಗುತ್ತದೆ. ಅಭ್ಯಾಸವಾಗದೆ ಉಳಿಯುವುದು ಮನೆಯಾಚೆಗಿನ ಬದುಕು. ಅಮೆರಿಕದ ಹೋಟೆಲುಗಳಲ್ಲಿ ಗ್ಲುಟೆನ್‌ರಹಿತವೆಂದು ಬಡಿಸಿದ ಆಹಾರವನ್ನು ಗ್ರಾಹಕರೇ ಕೈಯಲ್ಲಿ ಹಿಡಿಯುವ ಉಪಕರಣದಿಂದ ಪರೀಕ್ಷಿಸಿದ ಮಾಹಿತಿಯಲ್ಲಿ, ಸುಮಾರು ಮೂರನೆಯ ಒಂದು ಪಾಲಿನಲ್ಲಿ ಗ್ಲುಟೆನ್ ಸಿಕ್ಕಿತ್ತು. ಆತ್ಮೀಯರ ಮನೆಯ ಊಟಕ್ಕೆ ಹೋದಾಗ ‘ಇದರಲ್ಲಿ ಏನೇನು ಹಾಕಿದ್ದೀರಿ’ ಎಂದು ಪ್ರತಿ ಸಲ ಕೇಳುವ ಮುಜುಗರ, ‘ಸ್ವಲ್ಪ ತಿಂದರೆ ಏನಾಗುತ್ತದೆ’ ಎಂಬ ಒತ್ತಾಯ, ಪ್ರಯಾಣದಲ್ಲಿ ಹಸಿದೇ ಇರುವುದು, ಸಹೋದ್ಯೋಗಿಗಳ ಜೊತೆ ಊಟಕ್ಕೆ ಹೋಗುವುದನ್ನೇ ಬಿಡುವುದು ಇವು ರೋಗಿಗಳು ಮತ್ತೆ ಮತ್ತೆ ಹೇಳುವ ಮಾತುಗಳು. ವಿಶೇಷ ಆಹಾರ ಸಾಮಾನ್ಯ ಆಹಾರಕ್ಕಿಂತ ಎಲ್ಲೆಡೆಯೂ ದುಬಾರಿ. ಇಟಲಿಯಂಥ ಕೆಲವು ದೇಶಗಳಲ್ಲಿ ರೋಗನಿರ್ಣಯವಾದವರಿಗೆ ಸರ್ಕಾರವೇ ಪ್ರತಿ ತಿಂಗಳು ನೆರವು ಕೊಡುತ್ತದೆ. ಅತಿಯಾದ ಎಚ್ಚರವೂ ತನ್ನದೇ ಬೆಲೆ ಕೇಳುತ್ತದೆ: ಪಥ್ಯವನ್ನು ಎಲ್ಲರಿಗಿಂತ ಕಟ್ಟುನಿಟ್ಟಾಗಿ ನಡೆಸುವವರಲ್ಲಿ ಬದುಕಿನ ನೆಮ್ಮದಿ ಕಡಿಮೆ, ಆತಂಕ ಹೆಚ್ಚು ಎಂದು ಅಧ್ಯಯನಗಳು ತೋರಿಸಿವೆ. ಆದ್ದರಿಂದ ಈ ಕಾಯಿಲೆಯನ್ನು ಅರಿತ ಆಹಾರತಜ್ಞರ ಭೇಟಿಯನ್ನು ನಾನು ಔಷಧದ ಚೀಟಿಯಷ್ಟೇ ಮುಖ್ಯವೆಂದು ಪರಿಗಣಿಸುತ್ತೇನೆ. ಎಲ್ಲಿ ಹೆದರಬೇಕು ಎಂಬುದರ ಜೊತೆಗೆ ಎಲ್ಲಿ ಹೆದರಬೇಕಾಗಿಲ್ಲ ಎಂಬುದನ್ನೂ ಅವರು ಕಲಿಸುತ್ತಾರೆ. ಗ್ಲುಟೆನ್ನನ್ನು ಒಡೆಯುವ, ಇಲ್ಲವೇ ಆ ಕಿಣ್ವವನ್ನು ತಡೆಯುವ ಔಷಧಗಳ ಪ್ರಯೋಗ ನಡೆದಿದೆ. ಪಥ್ಯದ ಬದಲಿಗೆ ನುಂಗಬಹುದಾದ, ಮಾನ್ಯತೆ ಪಡೆದ ಔಷಧ ಇನ್ನೂ ಬಂದಿಲ್ಲ.

ಪರೀಕ್ಷೆಯಲ್ಲಿ ಕಾಯಿಲೆ ಖಚಿತವಾದರೆ ನಿಮಗೆ ಪಥ್ಯದ ಜೊತೆಗೆ ಇನ್ನೂ ಕೆಲವು ವಿಷಯಗಳು ಸಿಗುತ್ತವೆ, ಊಹೆಯ ಮೇಲೆ ಪಥ್ಯ ಮಾಡುವವರಿಗೆ ಅವು ತಪ್ಪಿಹೋಗುತ್ತವೆ. ಕಬ್ಬಿಣ, ಫೋಲೇಟ್, ಬಿ12, ಡಿ ವಿಟಮಿನ್, ಸತು ಇವುಗಳ ಕೊರತೆಯನ್ನು ಅಳೆದು ತುಂಬುತ್ತಾರೆ. ಮೂಳೆಯ ಸಾಂದ್ರತೆ, ಥೈರಾಯ್ಡ್ ನೋಡುತ್ತಾರೆ. ಕೆಲವರಲ್ಲಿ ಸೋಂಕು ತಡೆಯಲು ನೆರವಾಗುವ ಗುಲ್ಮದ (ಸ್ಪ್ಲೀನ್) ಕೆಲಸ ಕುಂದುವುದರಿಂದ ನ್ಯುಮೋನಿಯಾದಂಥ ಸೋಂಕುಗಳನ್ನು ತಡೆಯುವ ನ್ಯುಮೋಕಾಕಲ್ ಲಸಿಕೆಯ ಸಲಹೆ ಕೊಡುತ್ತಾರೆ. ಆರು ತಿಂಗಳು, ವರ್ಷಕ್ಕೊಮ್ಮೆ ಪ್ರತಿಕಾಯದ ಮಟ್ಟ ಇಳಿಯುತ್ತಿದೆಯೇ ಎಂದು ನೋಡುತ್ತಾರೆ. ಚೇತರಿಕೆಗೆ ತಾಳ್ಮೆ ಬೇಕು. ಮಕ್ಕಳ ಕರುಳು ಬೇಗ ಮಾಗುತ್ತದೆ. ದೊಡ್ಡವರಲ್ಲಿ, ಅಮೆರಿಕದ ಒಂದು ಅಧ್ಯಯನದಂತೆ, ಎರಡು ವರ್ಷದಲ್ಲಿ ಮೂರನೆಯ ಒಂದು ಭಾಗದವರಲ್ಲಿ, ಐದು ವರ್ಷದಲ್ಲಿ ಮೂರನೆಯ ಎರಡು ಭಾಗದವರಲ್ಲಿ ಮಾತ್ರ ಒಳಪದರ ಪೂರ್ತಿ ಸರಿಹೋಗಿತ್ತು. ಲಕ್ಷಣಗಳು ಅದಕ್ಕಿಂತ ಬಹಳ ಮೊದಲೇ ಹೋಗಿರುತ್ತವೆ. ಪಥ್ಯ ಮಾಡಿಯೂ ಲಕ್ಷಣ ಉಳಿದರೆ ಮೊದಲು ಹುಡುಕಬೇಕಾದದ್ದು ಗೊತ್ತಿಲ್ಲದೆ ಸೇರುತ್ತಿರುವ ಗ್ಲುಟೆನ್ನನ್ನು. ಆಮೇಲೆ ಹಾಲಿನ ಸಕ್ಕರೆ ಒಗ್ಗದಿರುವುದು, ಮೇದೋಜೀರಕದ ದೌರ್ಬಲ್ಯ ಮುಂತಾದವನ್ನು. ಪಥ್ಯಕ್ಕೂ ಬಗ್ಗದ ಕಾಯಿಲೆ ಮತ್ತು ಅದರ ಬೆನ್ನಿಗೆ ಬರಬಹುದಾದ ಕರುಳಿನ ಲಿಂಫೋಮಾ ಎಂಬ ಕ್ಯಾನ್ಸರ್ ತೀರ ವಿರಳ; ಆದರೆ ಅವುಗಳ ಮೇಲೆ ಕಣ್ಣಿಡಲು ರೋಗನಿರ್ಣಯ ಕಾಗದದ ಮೇಲೆ ಇರಬೇಕು.

ನಿಮ್ಮ ಮಗನ ವಿಷಯ. ನಿಮ್ಮದು ಖಚಿತವಾದರೆ ಅವನಿಗೆ ಪರೀಕ್ಷೆ ಬೇಕೇ ಬೇಕು, ಲಕ್ಷಣಗಳಿಲ್ಲದಿದ್ದರೂ ಸಹ. ನಿಮ್ಮದು ಸೀಲಿಯಾಕ್ ಅಲ್ಲವೆಂದಾದರೆ, ಅವನು ಚೆನ್ನಾಗಿ ಬೆಳೆಯುತ್ತಿದ್ದು ಬೇರೇನೂ ತೊಂದರೆಯಿಲ್ಲದಿದ್ದಲ್ಲಿ, ದೊಡ್ಡಮ್ಮನ ಕಾಯಿಲೆಯೊಂದೇ ತುರ್ತಿನ ಕಾರಣವಾಗದು. ಅಲ್ಲಿಯವರೆಗೆ ಅವನ ಊಟದಿಂದ ಗೋಧಿಯನ್ನು ತೆಗೆಯಬೇಡಿ. ನೀವು ಈಗ ಸಿಕ್ಕಿಕೊಂಡಿರುವ ಗೊಂದಲ ಅವನಿಗೂ ಆಗುವುದು ಬೇಡ. ಟಿಟಿಜಿ-ಐಜಿಎ, ಜೊತೆಗೆ ಒಟ್ಟು ಐಜಿಎ, ಇಷ್ಟು ಸಾಕು. ಈಗ ‘ನೆಗೆಟಿವ್’ ಬಂದರೂ ಜೀವಮಾನಕ್ಕೆ ಬಿಡುಗಡೆಯೆಂದಲ್ಲ, ಏಕೆಂದರೆ ಸೀಲಿಯಾಕ್ ಯಾವ ವಯಸ್ಸಿನಲ್ಲೂ ತಲೆಯೆತ್ತಬಹುದು. ಅವನ ಜೀನ್ ಪರೀಕ್ಷೆಯಲ್ಲಿ ಡಿಕ್ಯೂ2 ಮತ್ತು ಡಿಕ್ಯೂ8 ಎರಡೂ ಇಲ್ಲವೆಂದು ಬಂದರೆ ಮತ್ತೆ ಪರೀಕ್ಷಿಸುವ ಗೋಜಿಲ್ಲ. ಇದ್ದರೆ ಎರಡು ಮೂರು ವರ್ಷಕ್ಕೊಮ್ಮೆ, ಅಥವಾ ಎತ್ತರ ಬೆಳೆಯುವುದು ನಿಂತಂತೆ, ರಕ್ತಹೀನತೆಯಿರುವಂತೆ ಕಂಡೊಡನೆ ರಕ್ತಪರೀಕ್ಷೆ ಮಾಡಿಸಿ. ಇದನ್ನು ಮೊದಲೇ ತಡೆಯಬಹುದಿತ್ತೇ, ಶಿಶುವಾಗಿದ್ದಾಗ ಗೋಧಿ ಕೊಟ್ಟ ಸಮಯ ತಪ್ಪಾಯಿತೇ ಎಂದು ತಾಯಂದಿರು ಚಿಂತಿಸುವುದುಂಟು. 2014ರಲ್ಲಿ ಪ್ರಕಟವಾದ ಎರಡು ದೊಡ್ಡ ಪ್ರಯೋಗಗಳಲ್ಲಿ, ಗ್ಲುಟೆನ್ನನ್ನು ತುಸು ಮೊದಲೇ ಕೊಟ್ಟರೂ ತಡವಾಗಿ ಕೊಟ್ಟರೂ ಕೊನೆಗೆ ಕಾಯಿಲೆ ಬರುವ ಪ್ರಮಾಣದಲ್ಲಿ ವ್ಯತ್ಯಾಸ ಕಾಣಲಿಲ್ಲ. ಆ ಚಿಂತೆಯನ್ನು ಬಿಟ್ಟು, ನಿಮ್ಮ ಜೀನ್ ಪರೀಕ್ಷೆಯ ದಿನವನ್ನು ಗೊತ್ತುಮಾಡಿಕೊಳ್ಳಿ.